ಗುಂಡಿ ಒತ್ತುವ ಮೊದಲೇ ದಾಖಲಾಗುವ ಆಟ

ಪಿಯುಸಿ ಓದುತ್ತಿರುವ ಓದುಗರೊಬ್ಬರು ಕೇಳಿದ ಪ್ರಶ್ನೆ ಇದು: ‘ಪ್ಲೇಸ್ಟೇಷನ್‌ನಲ್ಲಿ ಫುಟ್‌ಬಾಲ್ ಆಡುವಾಗ ಒಳ್ಳೆಯ ಗೋಲ್ ಹೊಡೆದೆ. ಖುಷಿಯಲ್ಲಿ ಕುಣಿದು ಮುಗಿದ ಮೇಲೆ ರೆಕಾರ್ಡ್ ಗುಂಡಿ ಒತ್ತಿದೆ. ಆದರೂ ಗೋಲಿನ ವಿಡಿಯೊ ಸಿಕ್ಕಿತು. ಆಗಿಹೋದದ್ದನ್ನು ಯಂತ್ರ ಹೇಗೆ ಹಿಡಿಯಿತು?’

ಉತ್ತರ ಒಂದೇ ಮಾತಿನದು: ನೀವು ಗುಂಡಿ ಒತ್ತದಿದ್ದರೂ ಯಂತ್ರ ರೆಕಾರ್ಡ್ ಮಾಡುತ್ತಲೇ ಇರುತ್ತದೆ. 2013ರ ನವೆಂಬರ್ 15ರಂದು ಅಮೆರಿಕದಲ್ಲಿ ಮಾರಾಟಕ್ಕೆ ಬಂದ ಪ್ಲೇಸ್ಟೇಷನ್ 4 ಆಟದ ಕೊನೆಯ 15 ನಿಮಿಷವನ್ನು ಸದಾ ತನ್ನ ಡಿಸ್ಕಿನಲ್ಲಿ ಇಟ್ಟುಕೊಂಡಿರುತ್ತಿತ್ತು. ಅದಕ್ಕೆಂದು ಮೀಸಲಿಟ್ಟ ಜಾಗ ತುಂಬಿದ ಕೂಡಲೇ ಎಲ್ಲಕ್ಕಿಂತ ಹಳೆಯ ತುಣುಕನ್ನು ಅಳಿಸಿ ಅಲ್ಲೇ ಹೊಸದನ್ನು ಬರೆಯುವುದು, ಮತ್ತೆ ಮುಂದಿನ ಹಳೆಯದನ್ನು ಅಳಿಸುವುದು. ಆಟಗಾರ ‘ಶೇರ್’ ಗುಂಡಿ ಒತ್ತಿದಾಗ ರೆಕಾರ್ಡಿಂಗ್ ಶುರುವಾಗುತ್ತಿರಲಿಲ್ಲ, ಅಳಿಸುವ ಕೆಲಸ ನಿಲ್ಲುತ್ತಿತ್ತು, ಅಷ್ಟೇ. ಅದೇ ತಿಂಗಳು ಬಂದ ಎಕ್ಸ್‌ಬಾಕ್ಸ್ ಒನ್, ‘ಎಕ್ಸ್‌ಬಾಕ್ಸ್, ರೆಕಾರ್ಡ್ ದಟ್’ ಎಂದು ಬಾಯಲ್ಲಿ ಹೇಳಿದರೆ ಕೊನೆಯ 30 ಸೆಕೆಂಡನ್ನು ಉಳಿಸಿಕೊಡುತ್ತಿತ್ತು. ನಿಂಟೆಂಡೊ ಸ್ವಿಚ್‌ಗೆ ಈ ಸೌಕರ್ಯ 2017ರ ಅಕ್ಟೋಬರಿನ ಅಪ್‌ಡೇಟ್‌ನಲ್ಲಿ ಬಂತು. ವಿಂಡೋಸ್ ಕಂಪ್ಯೂಟರಿನಲ್ಲಿ ಗೇಮ್ ಬಾರ್‌ನ ಹಿನ್ನೆಲೆ ರೆಕಾರ್ಡಿಂಗ್ ಆನ್ ಮಾಡಿಟ್ಟಿದ್ದರೆ ವಿಂಡೋಸ್, ಆಲ್ಟ್, ಜಿ ಮೂರನ್ನೂ ಒಟ್ಟಿಗೆ ಒತ್ತಿ ನೋಡಿ, ಅಲ್ಲೂ ಇದೇ ಏರ್ಪಾಡು.

ಹೇಳಿದಷ್ಟು ಸುಲಭದ ಕೆಲಸವಲ್ಲ ಇದು. ಲೆಕ್ಕ ಹಾಕೋಣ. ಫುಲ್ ಎಚ್‌ಡಿ ಪರದೆಯಲ್ಲಿ ಅಡ್ಡಕ್ಕೆ 1920, ಉದ್ದಕ್ಕೆ 1080 ಪಿಕ್ಸೆಲ್‌ಗಳು, ಒಟ್ಟು 20,73,600. ಒಂದೊಂದಕ್ಕೂ ಕೆಂಪು, ಹಸಿರು, ನೀಲಿ ಎಂದು ಮೂರು ಬೈಟ್. ಅಂದರೆ ಒಂದು ಫ್ರೇಮಿಗೆ 62 ಲಕ್ಷ ಬೈಟ್, ಸುಮಾರು 6.2 ಎಂಬಿ. ಸೆಕೆಂಡಿಗೆ 60 ಫ್ರೇಮ್ ಎಂದರೆ 373 ಎಂಬಿ. ಒಂದು ನಿಮಿಷಕ್ಕೆ 22 ಜಿಬಿ ದಾಟುತ್ತದೆ, ಒಂದು ಗಂಟೆಗೆ 1.3 ಟಿಬಿ. ಇದ್ದದ್ದನ್ನು ಇದ್ದಹಾಗೆ ಬರೆಯಲು ಹೊರಟರೆ 1 ಟಿಬಿ ಡಿಸ್ಕ್ ಮುಕ್ಕಾಲು ಗಂಟೆಯಲ್ಲೇ ತುಂಬಿಹೋಗುತ್ತದೆ. ಆದರೆ ನಾವು ದಿನವೂ ನೋಡುವ, ಕಣ್ಣಿಗೆ ಚೆನ್ನಾಗಿಯೇ ಕಾಣುವ ಒಂದು ಗಂಟೆಯ ಆಟದ ವಿಡಿಯೊ 9 ಜಿಬಿಯ ಆಸುಪಾಸಿನಲ್ಲಿ ಮುಗಿಯುತ್ತದೆ. 150 ಪಾಲಿನಲ್ಲಿ 149 ಪಾಲು ಎಲ್ಲಿಗೆ ಹೋಯಿತು? ಆಟದ ರೆಕಾರ್ಡಿಂಗ್ ಬಗ್ಗೆ ಎಲ್ಲರೂ ಕೇಳುವುದು ಯಾವ ಆಪ್, ಯಾವ ಕಾರ್ಡ್, ಎಷ್ಟು ದುಡ್ಡು ಎಂದು. ನನ್ನ ಪ್ರಕಾರ ಕೇಳಬೇಕಾದ ಮೊದಲ ಪ್ರಶ್ನೆ ಈ ಕಾಣೆಯಾದ ಪಾಲಿನದು. ಚೆನ್ನಾಗಿ ದಾಖಲಿಸುವುದೆಂದರೆ ಯಾವುದನ್ನು ಬಿಡಬಹುದು ಎಂದು ತಿಳಿದಿರುವುದು.

ಮೊದಲು ಬಿಡುವುದು ಬಣ್ಣವನ್ನು. ನಮ್ಮ ಕಣ್ಣು ಬೆಳಕಿನ ಸಣ್ಣ ವ್ಯತ್ಯಾಸವನ್ನು ಗುರುತಿಸುವಷ್ಟು ಚುರುಕಾಗಿ ಬಣ್ಣದ ಸಣ್ಣ ವ್ಯತ್ಯಾಸವನ್ನು ಗುರುತಿಸುವುದಿಲ್ಲ. ಹಾಗಾಗಿ ಪ್ರತಿ ಪಿಕ್ಸೆಲ್ಲಿನ ಬೆಳಕನ್ನು ಉಳಿಸಿಕೊಂಡು, ಬಣ್ಣವನ್ನು ಮಾತ್ರ ನಾಲ್ಕು ಪಿಕ್ಸೆಲ್‌ಗೆ ಒಂದರಂತೆ ಇಟ್ಟುಕೊಳ್ಳುತ್ತಾರೆ. ಅಲ್ಲಿಗೆ ಅರ್ಧ ಭಾರ ಇಳಿಯಿತು. ಅನುಮಾನವಿದ್ದರೆ ನಿಮ್ಮದೇ ರೆಕಾರ್ಡಿಂಗ್ ಒಂದನ್ನು ನಿಲ್ಲಿಸಿ, ಕಪ್ಪು ಹಿನ್ನೆಲೆಯ ಮೇಲಿನ ಸಣ್ಣ ಕೆಂಪು ಅಕ್ಷರಗಳನ್ನು ಹತ್ತಿರದಿಂದ ನೋಡಿ. ಬಿಳಿ ಅಕ್ಷರಗಳು ಚೂಪಾಗಿರುತ್ತವೆ, ಕೆಂಪು ಅಕ್ಷರಗಳ ಅಂಚು ಮಾತ್ರ ಕದಡಿರುತ್ತದೆ.

ಎರಡನೆಯದು ಚಲನೆ. ಒಂದು ಫ್ರೇಮಿಗೂ ಮುಂದಿನದಕ್ಕೂ ನಡುವೆ ಇರುವುದು ಸೆಕೆಂಡಿನ ಅರವತ್ತನೆಯ ಒಂದು ಪಾಲು. ಅಷ್ಟರಲ್ಲಿ ಗೋಡೆ ಗೋಡೆಯಾಗಿಯೇ ಇರುತ್ತದೆ, ಪರದೆಯಲ್ಲಿ ಸ್ವಲ್ಪ ಎಡಕ್ಕೋ ಬಲಕ್ಕೋ ಸರಿದಿರುತ್ತದೆ. ಆದ್ದರಿಂದ ಚಿತ್ರವನ್ನು ಚಿಕ್ಕ ಚೌಕಗಳಾಗಿ ಸೀಳಿ, ‘ಈ ಚೌಕ ಹಿಂದಿನ ಫ್ರೇಮಿನಲ್ಲಿ ಇಷ್ಟು ದೂರದಲ್ಲಿತ್ತು, ಅಲ್ಲಿಂದ ತೆಗೆದುಕೋ’ ಎಂದಷ್ಟೇ ಬರೆದಿಟ್ಟರೆ ಸಾಕು. ಇಡೀ ಚಿತ್ರವನ್ನು ಪೂರ್ತಿ ಬರೆಯುವುದು ನಾಲ್ಕಾರು ಸೆಕೆಂಡಿಗೆ ಒಮ್ಮೆ. ಕೊನೆಯ 30 ಸೆಕೆಂಡು ಕೇಳಿದಾಗ ಒಮ್ಮೊಮ್ಮೆ 31, 32 ಸೆಕೆಂಡಿನ ತುಣುಕು ಸಿಗುವುದು ಇದೇ ಕಾರಣಕ್ಕೆ: ಕತ್ತರಿ ಹಾಕಬೇಕಾದದ್ದು ಪೂರ್ಣ ಚಿತ್ರ ಇರುವ ಕಡೆಯೇ. ಹುಲ್ಲು, ಮಳೆ, ಹಿಮ, ಬೆಂಕಿಯ ಕಿಡಿಗಳ ಮುಂದೆ ಮಾತ್ರ ಈ ತಂತ್ರ ಸೋಲುತ್ತದೆ. ಬಿಜಿಎಂಐ ಆಟದ ಎರಾಂಗೆಲ್ ನಕ್ಷೆಯಲ್ಲಿ ಹುಲ್ಲುಗಾವಲಿನ ನಡುವೆ ಓಡುವ ದೃಶ್ಯ ಪರದೆಯಲ್ಲಿ ಸ್ವಚ್ಛವಾಗಿದ್ದು ರೆಕಾರ್ಡಿಂಗ್‌ನಲ್ಲಿ ಚೌಕ ಚೌಕವಾಗಿ ಕಲಸಿದಂತೆ ಕಾಣುವುದನ್ನು ಆಡುವವರೆಲ್ಲ ನೋಡಿರುತ್ತಾರೆ. ಒಂದೊಂದು ಎಸಳೂ ಒಂದೊಂದು ಕಡೆ ಅಲುಗಾಡಿದರೆ ಹಿಂದಿನ ಫ್ರೇಮಿನಿಂದ ತೆಗೆದುಕೊಳ್ಳಲು ಏನೂ ಉಳಿಯುವುದಿಲ್ಲ.

ಮೂರನೆಯದು ನನಗೆ ಎಲ್ಲಕ್ಕಿಂತ ಪ್ರಿಯವಾದದ್ದು, ಅದರ ಹಿಂದಿರುವುದು ನಮ್ಮ ಊರಿನವರ ತಲೆ ಎಂಬುದು ಇನ್ನಷ್ಟು ಸಂತೋಷ. ನಾಸಿರ್ ಅಹ್ಮದ್ ಹುಟ್ಟಿದ್ದು 1940ರಲ್ಲಿ, ಬೆಂಗಳೂರಿನಲ್ಲಿ. ಕೆ.ಆರ್. ವೃತ್ತದ ಬಳಿಯ, ಈಗ ಯುವಿಸಿಇ ಎಂದು ನಾವು ಕರೆಯುವ ಎಂಜಿನಿಯರಿಂಗ್ ಕಾಲೇಜಿನಲ್ಲಿ 1961ರಲ್ಲಿ ಪದವಿ ಮುಗಿಸಿ ಅಮೆರಿಕಕ್ಕೆ ಹೋದರು. ನ್ಯೂ ಮೆಕ್ಸಿಕೊ ವಿಶ್ವವಿದ್ಯಾಲಯದಲ್ಲಿ ಪಿಎಚ್‌.ಡಿ. ಮಾಡಿ, ಕನ್ಸಾಸ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಿದ್ದರು. ಚಿತ್ರದ ಮಾಹಿತಿಯನ್ನು ಅತ್ಯಂತ ಸಾಂದ್ರವಾಗಿ ಹಿಡಿದಿಡುವ ಗಣಿತದ ವಿಧಾನವೊಂದು ಆಗಲೇ ಗೊತ್ತಿತ್ತು, ಆದರೆ ಅದನ್ನು ಬೇಗ ಲೆಕ್ಕ ಹಾಕುವ ದಾರಿ ಯಾರಿಗೂ ತಿಳಿದಿರಲಿಲ್ಲ. ಅದರ ಹತ್ತಿರಕ್ಕೆ ಬರುವ, ಆದರೆ ಸಲೀಸಾಗಿ ಲೆಕ್ಕ ಹಾಕಬಹುದಾದ ಇನ್ನೊಂದು ವಿಧಾನ ಕೊಸೈನ್ ಅಲೆಗಳಿಂದ ಸಿಗಬಹುದು ಎಂದು ಅಹ್ಮದ್ ಅವರಿಗೆ ಹೊಳೆಯಿತು. 1972ರಲ್ಲಿ ಅಮೆರಿಕದ ರಾಷ್ಟ್ರೀಯ ವಿಜ್ಞಾನ ಪ್ರತಿಷ್ಠಾನಕ್ಕೆ ಅನುದಾನ ಕೇಳಿ ಬರೆದರು. ಅನುದಾನ ಸಿಗಲಿಲ್ಲ. ವಿಚಾರ ತೀರಾ ಸರಳವಾಗಿದೆ ಎಂದು ಪರಿಶೀಲಕರೊಬ್ಬರು ಅಭಿಪ್ರಾಯಪಟ್ಟಿದ್ದನ್ನು ಅಹ್ಮದ್ ಮುಂದೆ ಬರೆದುಕೊಂಡಿದ್ದಾರೆ. ಅವರು ಕೆಲಸ ಬಿಡಲಿಲ್ಲ. 1973ರ ಬೇಸಿಗೆಯನ್ನು ಪೂರ್ತಿ ಇದಕ್ಕೇ ಕೊಟ್ಟರು. ತಮ್ಮ ವಿದ್ಯಾರ್ಥಿ ಟಿ. ನಟರಾಜನ್ ಮತ್ತು ಟೆಕ್ಸಾಸ್ ವಿಶ್ವವಿದ್ಯಾಲಯದ ಕೆ.ಆರ್. ರಾವ್ ಜೊತೆ ಸೇರಿ 1974ರ ಜನವರಿಯಲ್ಲಿ ಕೆಲವೇ ಪುಟಗಳ ಲೇಖನ ಪ್ರಕಟಿಸಿದರು. ಅದೇ ‘ಡಿಸ್ಕ್ರೀಟ್ ಕೊಸೈನ್ ಟ್ರಾನ್ಸ್‌ಫಾರ್ಮ್’, ಚಿಕ್ಕದಾಗಿ ಡಿಸಿಟಿ.

ಅದು ಮಾಡುವುದಿಷ್ಟು. ಅಡ್ಡಕ್ಕೆ ಎಂಟು, ಉದ್ದಕ್ಕೆ ಎಂಟು, ಒಟ್ಟು 64 ಪಿಕ್ಸೆಲ್‌ಗಳ ಒಂದು ಚೌಕ ತೆಗೆದುಕೊಳ್ಳಿ. ಆ 64 ಸಂಖ್ಯೆಗಳನ್ನು 64 ಬೇರೆ ಸಂಖ್ಯೆಗಳಾಗಿ ಬದಲಿಸಿ ಬರೆಯುತ್ತದೆ. ಮೊದಲನೆಯದು ಇಡೀ ಚೌಕದ ಸರಾಸರಿ ಬೆಳಕು. ಆಮೇಲಿನವು ಚೌಕದ ಉದ್ದಗಲಕ್ಕೆ ನಿಧಾನವಾಗಿ ಏರಿಳಿಯುವ ಛಾಯೆಗಳು. ಕೊನೆಯವು ಪಿಕ್ಸೆಲ್‌ನಿಂದ ಪಿಕ್ಸೆಲ್‌ಗೆ ಜಿಗಿಯುವ ನವುರು ಗೆರೆಗಳು. ಈವರೆಗೆ ಏನನ್ನೂ ಕಳೆದುಕೊಂಡಿಲ್ಲ, 64 ಹೋಗಿ 64 ಬಂತು. ಆದರೆ ಸಾಮಾನ್ಯ ಚಿತ್ರಗಳಲ್ಲಿ ತೂಕವೆಲ್ಲ ಮೊದಲ ಕೆಲವು ಸಂಖ್ಯೆಗಳಲ್ಲೇ ಸೇರಿಕೊಂಡಿರುತ್ತದೆ, ಉಳಿದವು ಸೊನ್ನೆಗೆ ಹತ್ತಿರ. ಅವನ್ನು ಸೊನ್ನೆ ಎಂದೇ ಬರೆದುಬಿಟ್ಟರೆ ಕಣ್ಣಿಗೆ ಗೊತ್ತಾಗುವುದಿಲ್ಲ, ಫೈಲು ಮಾತ್ರ ಕುಗ್ಗುತ್ತದೆ. ಜೆಪೆಗ್ ಫೋಟೊಗಳ ಅಡಿಪಾಯ ಇದು. 2003ರಲ್ಲಿ ಬಂದು ಇಂದಿಗೂ ಆಟದ ರೆಕಾರ್ಡಿಂಗ್‌ಗಳಲ್ಲಿ ಧಾರಾಳವಾಗಿ ಬಳಕೆಯಾಗುವ ಎಚ್.264 ಎಂಬ ವಿಡಿಯೊ ಕುಗ್ಗಿಸುವ ವಿಧಾನ ಕೂಡ ಇದರ ಪೂರ್ಣಾಂಕ ರೂಪವನ್ನೇ ಬಳಸುತ್ತದೆ. ಆ ಗೋಲಿನ ಪ್ರತಿ ಫ್ರೇಮಿನ ಒಳಗೂ ಬೆಂಗಳೂರಿನ ಒಬ್ಬರ ಗಣಿತ ಕೂತಿದೆ. ನಮ್ಮ ಎಂಜಿನಿಯರಿಂಗ್ ಕಾಲೇಜುಗಳಲ್ಲಿ ಡಿಸಿಟಿ ಸೂತ್ರವನ್ನು ಬೋರ್ಡಿನ ಮೇಲೆ ಬರೆಯುವಾಗ ಪಕ್ಕದಲ್ಲಿ ಈ ಹೆಸರನ್ನೂ ಬರೆಯಬೇಕು.

ಇಷ್ಟೆಲ್ಲ ಲೆಕ್ಕವನ್ನು ಸೆಕೆಂಡಿಗೆ 60 ಸಲ ಮಾಡುವವರು ಯಾರು? 1999ರಲ್ಲಿ ಬಂದ ಫ್ರಾಪ್ಸ್ ಎಂಬ ತಂತ್ರಾಂಶ ಆ ಕಾಲದ ಆಟಗಾರರಿಗೆಲ್ಲ ಪರಿಚಿತ. ಅದು ಹೆಚ್ಚು ಕುಗ್ಗಿಸುವ ಗೋಜಿಗೇ ಹೋಗದೆ ದೈತ್ಯ ಫೈಲುಗಳನ್ನು ಬರೆಯುತ್ತಿತ್ತು, ಡಿಸ್ಕ್ ಏದುಸಿರು ಬಿಡುತ್ತಿತ್ತು, ಆಟ ಕುಂಟುತ್ತಿತ್ತು. ಪರಿಸ್ಥಿತಿ ಬದಲಾದದ್ದು ಕುಗ್ಗಿಸುವ ಕೆಲಸಕ್ಕೆಂದೇ ಚಿಪ್ಪಿನೊಳಗೆ ಪ್ರತ್ಯೇಕ ವಿದ್ಯುನ್ಮಂಡಲ ಬಂದಾಗ. ಇಂಟೆಲ್ 2011ರಲ್ಲಿ ತನ್ನ ಪ್ರೊಸೆಸರಿನಲ್ಲೇ ಅದನ್ನು ಇಟ್ಟಿತು, ಎನ್‌ವಿಡಿಯಾ 2012ರಲ್ಲಿ ಗ್ರಾಫಿಕ್ಸ್ ಕಾರ್ಡಿನಲ್ಲಿ. ಆ ಮಂಡಲ ಬೇರೇನೂ ಮಾಡದು, ಹಾಗಾಗಿ ಆಟಕ್ಕೆ ಹೆಚ್ಚು ತೊಂದರೆ ಕೊಡದು. ಸದಾ ರೆಕಾರ್ಡ್ ಮಾಡುತ್ತಿರುವ ಕನ್ಸೋಲ್ ಸಾಧ್ಯವಾದದ್ದು ಇದರಿಂದ. ‘ನಷ್ಟವೇ ಇಲ್ಲದ’ ರೆಕಾರ್ಡಿಂಗ್ ಎಂಬ ಜಾಹೀರಾತುಗಳನ್ನು ಮಾತ್ರ ನಾನು ನಂಬುವುದಿಲ್ಲ. ಸೆಕೆಂಡಿಗೆ 5 ಮೆಗಾಬಿಟ್‌ನ 4ಕೆ ವಿಡಿಯೊಗಿಂತ 20 ಮೆಗಾಬಿಟ್‌ನ ಫುಲ್ ಎಚ್‌ಡಿ ಹುಲ್ಲುಗಾವಲಿನಲ್ಲಿ ಎಷ್ಟೋ ಚೆನ್ನಾಗಿರುತ್ತದೆ. ನೋಡಬೇಕಾದದ್ದು ಸೆಕೆಂಡಿಗೆ ಎಷ್ಟು ಬಿಟ್ ಎಂಬ ಲೆಕ್ಕ, ಅಂದರೆ ಬಿಟ್‌ರೇಟ್.

ಚಿತ್ರವನ್ನು ಎಲ್ಲಿಂದ ಎತ್ತಿಕೊಳ್ಳುವುದು ಎಂಬುದು ಯಂತ್ರದಿಂದ ಯಂತ್ರಕ್ಕೆ ಬೇರೆ. ಕಂಪ್ಯೂಟರಿನಲ್ಲಿ, 2012ರಲ್ಲಿ ಶುರುವಾದ ಉಚಿತ ತಂತ್ರಾಂಶ ಓಬಿಎಸ್‌ನ ಗೇಮ್ ಕ್ಯಾಪ್ಚರ್, ಆಟದ ಪ್ರಕ್ರಿಯೆಯೊಳಗೇ ಹೊಕ್ಕು, ಫ್ರೇಮ್ ಸಿದ್ಧವಾಗಿ ಪರದೆಗೆ ಹೊರಡುವ ಕ್ಷಣದಲ್ಲಿ ಅದರ ಪ್ರತಿ ತೆಗೆಯುತ್ತದೆ. ಮೋಸಗಾರಿಕೆಯ ತಂತ್ರಾಂಶಗಳೂ ಹೀಗೇ ಒಳಹೊಗುವುದರಿಂದ, ಕೆಲವು ಆಟಗಳ ಕಾವಲು ವ್ಯವಸ್ಥೆ ಇದನ್ನು ತಡೆಯುತ್ತದೆ; ಆಗ ಕಪ್ಪು ಪರದೆ ಸಿಗುತ್ತದೆ. ಹಳೆಯ ಕನ್ಸೋಲ್‌ಗಳಲ್ಲಿ ಟಿವಿಗೆ ಹೋಗುವ ತಂತಿಯ ನಡುವೆ ಕ್ಯಾಪ್ಚರ್ ಕಾರ್ಡ್ ಕೂರಿಸಬೇಕಿತ್ತು. ಪ್ಲೇಸ್ಟೇಷನ್ 3 ತನ್ನ ಎಚ್‌ಡಿಎಂಐ ಸಂಕೇತವನ್ನು ಸದಾ ಗೂಢಲಿಪಿಯಲ್ಲೇ ಕಳಿಸುತ್ತಿದ್ದುದರಿಂದ ಜನ ಹಳೆಯ ಕಾಂಪೊನೆಂಟ್ ಕೇಬಲ್ ಹುಡುಕಿಕೊಂಡು ಹೋಗುತ್ತಿದ್ದರು. ಪ್ಲೇಸ್ಟೇಷನ್ 4ರಲ್ಲಿ ಆ ಬೀಗ ತೆಗೆಯುವ ಆಯ್ಕೆ 2014ರ ಏಪ್ರಿಲ್ ಕೊನೆಯ ಅಪ್‌ಡೇಟ್‌ನಲ್ಲಿ ಬಂತು.

ಮೊಬೈಲಿನಲ್ಲಿ ಬಾಗಿಲು ತಡವಾಗಿ ತೆರೆಯಿತು. ರೂಟ್ ಮಾಡದೆಯೇ, ಅಂದರೆ ಫೋನಿನ ಪೂರ್ಣ ಹಿಡಿತ ಪಡೆಯದೆಯೇ, ಪರದೆ ರೆಕಾರ್ಡ್ ಮಾಡುವ ಅವಕಾಶವನ್ನು ಆ್ಯಪ್‌ಗಳಿಗೆ ಆಂಡ್ರಾಯ್ಡ್ ಕೊಟ್ಟಿದ್ದು 2014ರ 5ನೇ ಆವೃತ್ತಿಯಲ್ಲಿ. ಆಟದ ಶಬ್ದವನ್ನು ನೇರವಾಗಿ ಹಿಡಿಯಲು 2019ರ 10ನೇ ಆವೃತ್ತಿಯವರೆಗೆ ಕಾಯಬೇಕಾಯಿತು; ಅಲ್ಲಿಯವರೆಗೆ ಫೋನಿನ ಸ್ಪೀಕರಿನಿಂದ ಹೊರಟು ಮೈಕಿಗೆ ಬಿದ್ದ ಶಬ್ದವೇ ಗತಿ. ಇಂದಿಗೂ ಕರೆಯ ಧ್ವನಿ ಎಂದು ಗುರುತಾದದ್ದನ್ನು ಆಂಡ್ರಾಯ್ಡ್ ಆ್ಯಪ್‌ಗಳ ಕೈಗೆ ಕೊಡುವುದಿಲ್ಲ. ರೆಕಾರ್ಡಿಂಗ್‌ನಲ್ಲಿ ಗುಂಡಿನ ಸದ್ದಿದ್ದು ಜೊತೆಯಾಟಗಾರರ ಮಾತು ಮಾತ್ರ ಇಲ್ಲದಿರುವುದಕ್ಕೆ ಇದೂ ಒಂದು ಕಾರಣ. ಐಫೋನಿನಲ್ಲಿ ಪರದೆ ರೆಕಾರ್ಡಿಂಗ್ ಕಂಟ್ರೋಲ್ ಸೆಂಟರ್‌ಗೆ ಬಂದದ್ದು 2017ರ ಐಓಎಸ್ 11ರಲ್ಲಿ. ಮೊಬೈಲಿನ ಇನ್ನೊಂದು ತೊಡಕು ಬಿಸಿ. ಫೋನ್ ಕಾದಾಗ ಫ್ರೇಮ್‌ಗಳು 60ರಿಂದ 40ಕ್ಕೆ ಇಳಿಯುತ್ತವೆ, ರೆಕಾರ್ಡರ್ ಬಂದದ್ದನ್ನು ಬಂದ ಹೊತ್ತಿಗೆ ಬರೆಯುತ್ತದೆ. ಎಡಿಟಿಂಗ್ ತಂತ್ರಾಂಶ ಎಲ್ಲ ಫ್ರೇಮ್‌ಗಳ ಅಂತರ ಒಂದೇ ಎಂದುಕೊಂಡರೆ ಅರ್ಧ ಗಂಟೆಯಲ್ಲಿ ದೃಶ್ಯ ಒಂದು ಕಡೆ, ಶಬ್ದ ಒಂದು ಕಡೆ. ಸ್ಥಿರ ಫ್ರೇಮ್‌ ದರಕ್ಕೆ ಪರಿವರ್ತಿಸಿಕೊಂಡು ಎಡಿಟ್ ಮಾಡುವುದು ಒಳ್ಳೆಯದು.

ಕರೆಂಟ್ ಹೋಗುವ ಊರಿನವರಿಗೆ ಇನ್ನೊಂದು ಮಾತು. ಸಾಮಾನ್ಯ ಎಂಪಿ4 ಫೈಲಿನಲ್ಲಿ ಯಾವ ಫ್ರೇಮ್ ಎಲ್ಲಿದೆ ಎಂಬ ಸೂಚಿಯನ್ನು ಬರೆಯುವುದು ರೆಕಾರ್ಡಿಂಗ್ ಮುಗಿದ ಮೇಲೆ. ಯುಪಿಎಸ್ ಇಲ್ಲದ ಕಂಪ್ಯೂಟರ್ ನಡುವೆ ಆರಿಹೋದರೆ ಎರಡು ಗಂಟೆಯ ಆಟ ಡಿಸ್ಕಿನಲ್ಲಿ ಇದ್ದೂ ತೆರೆಯುವುದಿಲ್ಲ. ಎಂಕೆವಿ ಎಂಬ ಇನ್ನೊಂದು ಫೈಲ್ ಮಾದರಿಯನ್ನು ಆಯ್ಕೆ ಮಾಡಿಕೊಂಡರೆ ಕರೆಂಟ್ ಹೋದ ಕ್ಷಣದವರೆಗಿನದು ಬಹುತೇಕ ಉಳಿಯುತ್ತದೆ. ಬೇಕಾದರೆ ಆಮೇಲೆ ಎಂಪಿ4 ಮಾಡಿಕೊಳ್ಳಬಹುದು.

ಇಷ್ಟು ಹೊತ್ತು ಹೇಳಿದ್ದೆಲ್ಲ ಚಿತ್ರವನ್ನು ಹಿಡಿಯುವ ಕಥೆ. ಚಿತ್ರವನ್ನೇ ಹಿಡಿಯದೆ ಆಟವನ್ನು ದಾಖಲಿಸುವ ದಾರಿಯೊಂದು ಇದಕ್ಕಿಂತ ಹಳೆಯದು, ಇದಕ್ಕಿಂತ ಚೆಲುವಾದದ್ದು. ಚದುರಂಗದ ಪಂದ್ಯವನ್ನು ಪತ್ರಿಕೆಗಳು ಅಚ್ಚು ಹಾಕುವುದು ಹೇಗೆ? ಆಟಗಾರರ ಮುಖ, ಮೇಜು, ಗಡಿಯಾರ ಯಾವುದೂ ಇರುವುದಿಲ್ಲ, ನಡೆಗಳ ಪಟ್ಟಿ ಇರುತ್ತದೆ. ಮಣೆ, ಕಾಯಿ ನಮ್ಮ ಮನೆಯಲ್ಲಿದ್ದರೆ ಇಡೀ ಪಂದ್ಯವನ್ನು ಮೊದಲಿನಿಂದ ಕೊನೆಯವರೆಗೆ ಮತ್ತೆ ಆಡಿ ನೋಡಬಹುದು, ಏಕೆಂದರೆ ನಿಯಮ ಒಂದೇ, ಅದೇ ನಡೆಗೆ ಅದೇ ಫಲ. 1993ರ ಡಿಸೆಂಬರಿನಲ್ಲಿ ಐಡಿ ಸಾಫ್ಟ್‌ವೇರ್ ಬಿಡುಗಡೆ ಮಾಡಿದ ಡೂಮ್ ಇದನ್ನೇ ಮಾಡಿತು. ಆ ಆಟದ ಗಡಿಯಾರ ಸೆಕೆಂಡಿಗೆ 35 ಸಲ ಮಿಡಿಯುತ್ತದೆ. ಪ್ರತಿ ಮಿಡಿತಕ್ಕೂ ನಾಲ್ಕು ಬೈಟ್: ಮುಂದೆ ಹಿಂದೆ ಎಷ್ಟು, ಅಕ್ಕಪಕ್ಕ ಎಷ್ಟು, ಎಷ್ಟು ತಿರುಗಿದ, ಯಾವ ಗುಂಡಿ ಒತ್ತಿದ. ಸೆಕೆಂಡಿಗೆ 140 ಬೈಟ್, ಗಂಟೆಗೆ ಅರ್ಧ ಎಂಬಿ. ಫುಲ್ ಎಚ್‌ಡಿಯ ಒಂದೇ ಒಂದು ಕಚ್ಚಾ ಫ್ರೇಮ್ ಹಿಡಿಸುವ ಜಾಗದಲ್ಲಿ ಡೂಮ್‌ನ 12 ಗಂಟೆಯ ಆಟ ಹಿಡಿಸುತ್ತದೆ! ರಾಕ್ಷಸರ ಓಡಾಟ, ಏಟಿನ ಬಲ ಇವೆಲ್ಲ ಅದೃಷ್ಟದ ಮೇಲೆ ನಿಂತಿವೆಯಲ್ಲ ಎನ್ನಬಹುದು. ಡೂಮ್‌ನ ಅದೃಷ್ಟವೂ 256 ಸಂಖ್ಯೆಗಳ ಒಂದು ಸಿದ್ಧ ಪಟ್ಟಿ, ಪ್ರತಿ ಸಲವೂ ಅದೇ ಕ್ರಮದಲ್ಲಿ ಓದುವಂಥದ್ದು. ಹಾಗಾಗಿ ಅದೇ ಗುಂಡಿ ಅದೇ ಮಿಡಿತದಲ್ಲಿ ಒತ್ತಿದರೆ ಅದೇ ರಾಕ್ಷಸ ಅದೇ ಜಾಗದಲ್ಲಿ ಸಾಯುತ್ತಾನೆ. ಇಂಟರ್‌ನೆಟ್ ಕುಂಟುತ್ತಿದ್ದ 1994ರಲ್ಲೇ ಡೂಮ್ ಆಟಗಾರರು ತಮ್ಮ ವೇಗದ ಓಟಗಳನ್ನು ಪರಸ್ಪರ ಕಳಿಸಿಕೊಂಡು ಪೈಪೋಟಿ ನಡೆಸಲು ಸಾಧ್ಯವಾದದ್ದು ಇದರಿಂದ. ಚಿತ್ರವಿಲ್ಲದ ಇಂಥ ದಾಖಲೆಗೆ ಡೆಮೊ ಎಂದು ಹೆಸರು. 1996ರ ಕ್ವೇಕ್ ಆಟದ ಡೆಮೊ ಫೈಲುಗಳನ್ನು ತಿದ್ದಿ, ಕ್ಯಾಮೆರಾ ಕೋನ ಬದಲಿಸಿ, ಆಟದೊಳಗೇ ಸಿನಿಮಾ ಮಾಡಿದವರೂ ಬಂದರು.

ಇದರ ತೊಡಕು ಚದುರಂಗದ್ದೇ ತೊಡಕು: ನಿಯಮ ಬದಲಾದರೆ ಹಳೆಯ ಪಟ್ಟಿ ಕೆಲಸಕ್ಕೆ ಬಾರದು. ಏಜ್ ಆಫ್ ಎಂಪೈರ್ಸ್ 2 ಕೂಡ ಆಜ್ಞೆಗಳನ್ನಷ್ಟೇ ದಾಖಲಿಸುತ್ತದೆ. ಅಪ್‌ಡೇಟ್ ಒಂದರಲ್ಲಿ ಸೈನಿಕನ ಬಲ ಒಂದಂಕಿ ಬದಲಾದರೂ ಹಳೆಯ ದಾಖಲೆಯ ಯುದ್ಧ ದಾರಿ ತಪ್ಪುತ್ತದೆ, ಆದ್ದರಿಂದ ಆಡಿದ ಆವೃತ್ತಿಯೇ ಬೇಕು. ಡೂಮ್ ಪ್ರಿಯರು ಇದಕ್ಕೆ ಕಂಡುಕೊಂಡ ಪರಿಹಾರ ಅಪರೂಪದ್ದು. ಡಿಎಸ್‌ಡಿಎ-ಡೂಮ್ ಎಂಬ ಇಂದಿನ ಆವೃತ್ತಿಯಲ್ಲಿ ‘ಹೊಂದಾಣಿಕೆ ಮಟ್ಟ’ ಎಂಬ ಆಯ್ಕೆಯಿದೆ. ಅದರಲ್ಲಿ ಹಳೆಯ ಆವೃತ್ತಿಯನ್ನು ಆರಿಸಿದರೆ ತಂತ್ರಾಂಶ ಅಂದಿನ ನಿಯಮಗಳನ್ನಷ್ಟೇ ಅಲ್ಲ, ಅಂದಿನ ಪ್ರೋಗ್ರಾಂ ದೋಷಗಳನ್ನೂ ಪಾಲಿಸುತ್ತದೆ. ತೊಂಬತ್ತರ ದಶಕದ ಡೆಮೊಗಳು ಇಂದಿನ ಕಂಪ್ಯೂಟರಿನಲ್ಲಿ, ಆಗಿನ ಪರದೆಗಳಲ್ಲಿ ಇಲ್ಲದಷ್ಟು ಸ್ಪಷ್ಟವಾಗಿ, ಹೆಜ್ಜೆ ತಪ್ಪದೆ ಓಡುತ್ತವೆ.