ಕನ್ನಡದ ಮೊದಲ ವಾಕ್ಚಿತ್ರದ ನಾಯಕ

ವಿದ್ಯಾರ್ಥಿಗಳೇ, ಕನ್ನಡದ ಚಿತ್ರವೊಂದು ದೆಹಲಿಯ ಚಿತ್ರಮಂದಿರದಲ್ಲಿ ಹಿಂದಿ ಮಾತನಾಡುವುದನ್ನು ನೀವು ಕಂಡಿರಬಹುದು. 2018ರಲ್ಲಿ ತೆರೆಕಂಡ ‘ಕೆ.ಜಿ.ಎಫ್.’ ಚಿತ್ರವನ್ನು ನಿಮ್ಮ ನೆರೆಹೊರೆಯ ಗೆಳೆಯರು ನೋಡಿ ಮೆಚ್ಚಿದ್ದು ಹೀಗೆಯೇ. ನಟನ ತುಟಿಗಳು ಒಂದು ಭಾಷೆಯಲ್ಲಿ ಚಲಿಸುತ್ತಿರುತ್ತವೆ. ನಮ್ಮ ಕಿವಿಗೆ ಬೀಳುವುದು ಮತ್ತೊಂದು ಭಾಷೆ. ಇದನ್ನು ಡಬ್ಬಿಂಗ್ ಎನ್ನುತ್ತಾರೆ. ಭಾರತದಲ್ಲಿ ಈ ಬಗೆಯಾಗಿ ಪರಭಾಷೆಯ ಮಾತನ್ನು ತೊಟ್ಟ ಮೊದಲ ಚಿತ್ರವೆಂದು ಎಣಿಸಲಾಗುವುದು ಕನ್ನಡದ್ದೇ. ಅದರ ನಾಯಕರು ಎಂ.ವಿ. ಸುಬ್ಬಯ್ಯನಾಯ್ಡು ಅವರು. ಕನ್ನಡದ ಮೊದಲ ವಾಕ್ಚಿತ್ರದ ನಾಯಕರೂ ಅವರೇ. ಆದರೂ ಅವರ ಹೆಸರನ್ನು ಕೇಳಿದರೆ ನಮ್ಮಲ್ಲಿ ಬಹುಮಂದಿ ಮುಖ ಮುಖ ನೋಡಿಕೊಳ್ಳುತ್ತೇವೆ.

ನಾಯ್ಡು ಅವರು ರಂಗಭೂಮಿಯ ನಟರು. ಆರ್. ನಾಗೇಂದ್ರರಾಯರೊಡನೆ ಮೈಸೂರಿನ ಶ್ರೀ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿಯನ್ನು ಕಟ್ಟಿ ನಡೆಸಿದವರು. ಧ್ವನಿವರ್ಧಕವಿಲ್ಲದ ಆ ಕಾಲದಲ್ಲಿ ಕೊನೆಯ ಸಾಲಿನಲ್ಲಿ ನೆಲದ ಮೇಲೆ ಕುಳಿತವನಿಗೂ ಮಾತು ಕೇಳಿಸಬೇಕಾಗಿತ್ತು. ಕೇಳಿಸದಿದ್ದರೆ ಅವನು ಸುಮ್ಮನಿರುತ್ತಿರಲಿಲ್ಲ! ಅಂತಹ ಕಂಠವನ್ನು ಚಲಚ್ಚಿತ್ರವು ಅರಸಿದ್ದು ಸಹಜವೇ ಸರಿ.

1931ರ ಮಾರ್ಚ್ 14ರಂದು ಮುಂಬಯಿಯಲ್ಲಿ ‘ಆಲಂ ಆರಾ’ ತೆರೆಕಂಡು ಭಾರತದ ಚಿತ್ರಗಳಿಗೆ ಮಾತು ಬಂದಿತು. ಕನ್ನಡಕ್ಕೆ ಆ ಭಾಗ್ಯ ಒದಗಲು ಮತ್ತೆ ಮೂರು ವರ್ಷಗಳು ಹಿಡಿದವು. ಬೆಂಗಳೂರಿನ ವರ್ತಕ ಚಮನ್‌ಲಾಲ್ ಡೂಂಗಾಜಿಯವರು ಹಣ ಹೂಡಿದರು, ವೈ.ವಿ. ರಾಯರು ನಿರ್ದೇಶಕರಾದರು, ಬೆಳ್ಳಾವೆ ನರಹರಿ ಶಾಸ್ತ್ರಿಗಳು ಮಾತು, ಹಾಡುಗಳನ್ನು ಬರೆದರು. ‘ಸತಿ ಸುಲೋಚನಾ’ ಎಂಬುದು ಚಿತ್ರದ ಹೆಸರು. ಕರ್ನಾಟಕದಲ್ಲಿ ತಕ್ಕ ಸ್ಟುಡಿಯೋ ಇಲ್ಲದ್ದರಿಂದ ಇಡೀ ತಂಡವೇ ಕೊಲ್ಹಾಪುರಕ್ಕೆ ಹೊರಟಿತು. ನಾಯ್ಡು ಅವರದು ಇಂದ್ರಜಿತುವಿನ ಪಾತ್ರ. ತ್ರಿಪುರಾಂಬಾ ಅವರು ಸುಲೋಚನೆ. ಮಂಡಳಿಯ ಪಾಲುದಾರರಾದ ನಾಗೇಂದ್ರರಾಯರು ರಾವಣನಾಗಿ ನಾಯ್ಡು ಅವರಿಗೆ ತಂದೆಯಾದರು. ಇದಕ್ಕಿಂತ ಸ್ವಾರಸ್ಯವಾದುದು, ಅವರ ಪತ್ನಿ ಲಕ್ಷ್ಮೀಬಾಯಿಯವರು ಮಂಡೋದರಿಯಾಗಿ ಅವರಿಗೆ ತಾಯಿಯಾದದ್ದು! ಹಿನ್ನೆಲೆ ಗಾಯನವೆಂಬುದು ಆಗ ಇನ್ನೂ ಬಂದಿರಲಿಲ್ಲ. ಪಾತ್ರಧಾರಿಯು ಕ್ಯಾಮರಾದ ಮುಂದೆ ನಿಂತು ತಾನೇ ಹಾಡಬೇಕಾಗಿತ್ತು. ತಪ್ಪಿದರೆ ಮೊದಲಿನಿಂದ ಮತ್ತೆ ಹಾಡಬೇಕು.

1934ರ ಮಾರ್ಚ್ 3ರಂದು ಬೆಂಗಳೂರಿನ ಸಿಟಿ ಮಾರ್ಕೆಟ್ ಬಳಿಯ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಚಿತ್ರವು ಬಿಡುಗಡೆಯಾಗಿ ಜನರ ಮನ್ನಣೆ ಪಡೆಯಿತು. ಇಂದು ಅದರ ಒಂದು ಪ್ರತಿಯೂ ಉಳಿದಿಲ್ಲ. ‘ಆಲಂ ಆರಾ’ದ ಗತಿಯೂ ಇದೇ. ಆ ಕಾಲದ ಫಿಲಂ ಬೇಗನೆ ಕೆಡುವ, ಬೇಗನೆ ಬೆಂಕಿ ಹೊತ್ತುವ ವಸ್ತು. ಓಟ ಮುಗಿದ ಚಿತ್ರವನ್ನು ಕಾಪಾಡಬೇಕೆಂದು ಯಾರಿಗೂ ತೋಚಲಿಲ್ಲ. ಆದುದರಿಂದ ನಮ್ಮ ಮೊದಲ ನಾಯಕನ ಮೊದಲ ಮಾತು ಹೇಗಿತ್ತೆಂದು ನಾವು ಕೇಳುವಂತಿಲ್ಲ.

ನಾಯ್ಡು ಅವರು ಅಲ್ಲಿಗೆ ನಿಲ್ಲಲಿಲ್ಲ. ಮಂಡಳಿಯು ಆಡುತ್ತಿದ್ದ ‘ಭೂಕೈಲಾಸ’ ನಾಟಕವನ್ನು ಎ.ವಿ. ಮೆಯ್ಯಪ್ಪನ್ ಅವರು 1940ರಲ್ಲಿ ತೆಲುಗಿನಲ್ಲಿ ಚಿತ್ರವಾಗಿಸಿದಾಗ ನಾಯ್ಡು ಅವರೇ ರಾವಣ. 1941ರ ‘ವಸಂತಸೇನಾ’ದಲ್ಲಿ ಅವರು ಚಾರುದತ್ತ. 1943ರಲ್ಲಿ ಬಂದಿತು ‘ಸತ್ಯ ಹರಿಶ್ಚಂದ್ರ’. (1965ರಲ್ಲಿ ರಾಜ್‌ಕುಮಾರ್ ಅವರು ನಟಿಸಿದ ಚಿತ್ರ ಬೇರೆ, ಹೆಸರು ಒಂದೇ ಆದ್ದರಿಂದ ಗೊಂದಲ ಬೇಡ.) ನಾಗೇಂದ್ರರಾಯರ ನಿರ್ದೇಶನದ ಈ ಚಿತ್ರದಲ್ಲಿ ನಾಯ್ಡು ಹರಿಶ್ಚಂದ್ರ, ಲಕ್ಷ್ಮೀಬಾಯಿ ಚಂದ್ರಮತಿ. ಇದಕ್ಕೇ ಮೆಯ್ಯಪ್ಪನ್ ಅವರು ತಮಿಳಿನ ಮಾತನ್ನು ಹೊಂದಿಸಿ 1944ರಲ್ಲಿ ತಮಿಳುನಾಡಿಗೆ ಕಳುಹಿದರು. ತುಟಿಯ ಚಲನೆಗೆ ಸರಿಯಾಗಿ ಬೇರೆ ಭಾಷೆಯ ಪದಗಳನ್ನು ಆಯ್ದು ಕೂರಿಸುವುದು ಸಾಮಾನ್ಯ ಶ್ರಮವಲ್ಲ. ಅನುವಾದದ ಪಾಠ ಮಾಡುವ ನಾನು ಇದನ್ನು ಬಲ್ಲೆ. ಇದೇ ಡಬ್ಬಿಂಗನ್ನು ಮುಂದೆ ಕನ್ನಡ ಚಿತ್ರರಂಗವು ದಶಕಗಳ ಕಾಲ ತನ್ನ ನಾಡಿನೊಳಗೆ ಬಿಟ್ಟುಕೊಳ್ಳಲಿಲ್ಲವೆಂಬುದು ಒಂದು ವಿಚಿತ್ರ.

1947ರ ‘ಮಹಾತ್ಮ ಕಬೀರ್’ ಚಿತ್ರದಲ್ಲಿ ಕಬೀರರ ಪಾತ್ರವನ್ನು ವಹಿಸಿದ ನಾಯ್ಡು ಅವರು 1962ರಲ್ಲಿ ತೀರಿಕೊಂಡರು. ‘ಭೂತಯ್ಯನ ಮಗ ಅಯ್ಯು’ ಚಿತ್ರದ ಲೋಕೇಶ್ ಅವರು ಈ ದಂಪತಿಗಳ ಪುತ್ರ. ನಿಮ್ಮ ತಾತ ಅಜ್ಜಿಯರಿಗೆ ಲೋಕೇಶರ ಪರಿಚಯ ಚೆನ್ನಾಗಿಯೇ ಇದ್ದೀತು.

ಆ ಕಾಲದಲ್ಲಿ ಚಿತ್ರಮಂದಿರದ ಬಾಗಿಲಲ್ಲಿ ಹಾಡಿನ ಪುಸ್ತಕಗಳನ್ನು ಮಾರುತ್ತಿದ್ದರು. ರಜೆಗೆ ಊರಿಗೆ ಹೋದಾಗ ಹಳೆಯ ಟ್ರಂಕಿನಲ್ಲಿ ಅಂತಹುದೊಂದು ಕಣ್ಣಿಗೆ ಬಿದ್ದರೆ ರದ್ದಿಗೆ ಹಾಕಗೊಡದೆ ಶಾಲೆಗೆ ತನ್ನಿರಿ. ಹರಿದಿದ್ದರೂ ಚಿಂತೆಯಿಲ್ಲ.