ಮೇ ತಿಂಗಳ ಗೆಳತಿಯರು

ಈ ರಜೆಯಲ್ಲಿ ಊರಿಗೆ ಹೋಗಿ ಬಂದಿರಾ? ಅಲ್ಲಿ ನಿಮ್ಮೊಡನೆ ನಾಲ್ಕು ದಿನ ಆಡಿದ ಹುಡುಗಿಯ ಹೆಸರು ನೆನಪಿದೆಯೇ? ಅವಳ ಮನೆ ಎಲ್ಲಿ, ಅವಳು ಎಷ್ಟನೆಯ ತರಗತಿ, ಶಾಲೆಗೆ ಎಷ್ಟು ದೂರ ನಡೆಯುತ್ತಾಳೆ ಎಂಬುದು ಗೊತ್ತೇ? ಗೊತ್ತಿದ್ದರೆ ಬಹಳ ಸಂತೋಷ. ಗೊತ್ತಿಲ್ಲದಿದ್ದರೆ ನಾಚಿಕೊಳ್ಳಬೇಡಿ. ನಿಮ್ಮ ವಯಸ್ಸಿನಲ್ಲಿ ನಾನೂ ಹಾಗೆಯೇ ಇದ್ದೆ. ಅದರಿಂದ ಏನಾಯಿತು ಎಂಬುದನ್ನು ನಿಮಗೆ ಹೇಳಬೇಕೆಂದೇ ಇದನ್ನು ಬರೆಯುತ್ತಿದ್ದೇನೆ.

ನಾನು ಹುಟ್ಟಿ ಬೆಳೆದದ್ದು ಮುಂಬಯಿಯ ಒಂದು ಚಾಳಿನಲ್ಲಿ. ನಮ್ಮ ಊರು ಕುಂದಾಪುರ. ಮೂರು ಕಡೆ ನೀರು, ಒಂದು ಕಡೆ ಮಾತ್ರ ನೆಲ. ಸೌಪರ್ಣಿಕಾ, ವಾರಾಹಿ, ಚಕ್ರಾ ಮೊದಲಾದ ಐದು ಹೊಳೆಗಳು ಊರಿನ ಬದಿಯಲ್ಲಿ ಒಂದಾಗಿ ಪಂಚಗಂಗಾವಳಿ ಎನಿಸಿಕೊಂಡು ಕಡಲು ಸೇರುತ್ತವೆ. ಹೊಳೆಯ ಆಚೆ ದಡದಲ್ಲಿ ಗಂಗೊಳ್ಳಿ ಬಂದರು. ದೋಣಿಯಲ್ಲಿ ದಾಟಿದರೆ ಹತ್ತಿರ, ರಸ್ತೆಯಲ್ಲಿ ಹೋದರೆ ದೊಡ್ಡ ಸುತ್ತು. ಈಚೆ ಕಡೆ ಕೋಡಿ, ಅದರ ಉದ್ದಕ್ಕೂ ಮರಳ ದಂಡೆ. ಅಜ್ಜಿಯ ಮನೆ ಕೋಡಿಗೆ ಹೋಗುವ ದಾರಿಯಲ್ಲಿತ್ತು.

ಈಗ ನೀವು ಮಧ್ಯಾಹ್ನ ಮುಂಬಯಿಯಲ್ಲಿ ಮತ್ಸ್ಯಗಂಧ ರೈಲು ಹತ್ತಿದರೆ ಮರುದಿನ ನಸುಕಿನಲ್ಲೇ ಕುಂದಾಪುರದಲ್ಲಿ ಇಳಿಯುತ್ತೀರಿ. ಕೊಂಕಣ ರೈಲು ಮಾರ್ಗ ಪೂರ್ತಿಯಾಗಿ ತೆರೆದದ್ದು 1998ರಲ್ಲಿ. ಅದಕ್ಕೆ ಮುಂಚೆ ನಮಗೆ ಬಸ್ಸೇ ಗತಿ. ಕೊಲ್ಲಾಪುರ, ಬೆಳಗಾವಿ, ಹುಬ್ಬಳ್ಳಿ ದಾಟಿ, ಘಟ್ಟ ಇಳಿದು ಅಂಕೋಲೆಗೆ ಬರುವಷ್ಟರಲ್ಲಿ ಅಮ್ಮನ ಕೈಚೀಲದ ಲಿಂಬೆಹಣ್ಣುಗಳೆಲ್ಲ ಮುಗಿದಿರುತ್ತಿದ್ದವು. ಆಮೇಲೆ ಎಡಕ್ಕೆ ಗುಡ್ಡ, ಬಲಕ್ಕೆ ಆಗಾಗ ಇಣುಕುವ ಕಡಲು. ಆ ನೀಲಿ ಗೆರೆ ಕಂಡೊಡನೆ ವಾಂತಿ, ತಲೆಸುತ್ತು ಎಲ್ಲ ಮಾಯ!

ಐದು ಹುಡುಗಿಯರು

1979, 1980, 1981ರ ಮೂರು ಬೇಸಿಗೆಗಳಲ್ಲಿ ನಾವು ಐದು ಜನ ಹುಡುಗಿಯರು ಒಂದು ಗುಂಪು. ನಾನು, ಬೆಂಗಳೂರಿನಿಂದ ಬರುತ್ತಿದ್ದ ಚಿಕ್ಕಮ್ಮನ ಮಗಳು, ಮದರಾಸಿನಲ್ಲಿ ಹೋಟೆಲು ಇಟ್ಟಿದ್ದವರೊಬ್ಬರ ಮಗಳು, ನೆರೆಮನೆಯ ಹುಡುಗಿ, ಮತ್ತು ಕಡಲ ಬದಿಯ ಮನೆಯ ಇನ್ನೊಬ್ಬಳು. ಆಕೆಯ ಅಪ್ಪ ಮೀನುಗಾರಿಕೆಗೆ ಹೋಗುವವರು, ಅಮ್ಮ ಬುಟ್ಟಿ ಹೊತ್ತು ಮೀನು ಮಾರುವವರು. ಹೆಸರು ಹೇಳುವುದಿಲ್ಲ. ಈ ಕತೆ ಮುಖ್ಯವಾಗಿ ಅವಳದು.

ಗೆಳೆತನಕ್ಕೆ ನಮಗೆ ಸಿಗುತ್ತಿದ್ದ ಸಮಯ ಎಷ್ಟು ಗೊತ್ತೇ? ಕರ್ನಾಟಕದ ಶಾಲೆಗಳಿಗೆ ಏಪ್ರಿಲ್ ಎರಡನೆಯ ವಾರದಿಂದ ಮೇ ಕೊನೆಯವರೆಗೆ ರಜೆ. ಮುಂಬಯಿಯ ಶಾಲೆಗಳಿಗೆ ಮೇ ಮೊದಲಲ್ಲಿ ಆರಂಭವಾಗಿ ಜೂನ್ ಮಧ್ಯದವರೆಗೆ. ಎರಡೂ ರಜೆಗಳು ಒಂದರ ಮೇಲೊಂದು ಬರುವುದು ಮೇ ತಿಂಗಳಿನಲ್ಲಿ ಮಾತ್ರ. ಪ್ರಯಾಣದ ದಿನ, ನೆಂಟರ ಮನೆಯ ಮದುವೆ, ಕೊಲ್ಲೂರು ಆನೆಗುಡ್ಡೆ ಯಾತ್ರೆ ಎಲ್ಲ ಕಳೆದರೆ ವರ್ಷಕ್ಕೆ ಇಪ್ಪತ್ತು ದಿನ ಉಳಿದರೆ ಹೆಚ್ಚು. ಮೂರು ವರ್ಷಕ್ಕೆ 60 ದಿನ. ನನ್ನ ಇಡೀ ಬಾಲ್ಯದ ಗೆಳೆತನಗಳಲ್ಲಿ ಇವತ್ತಿಗೂ ಮನಸ್ಸಿನಲ್ಲಿ ಹಸಿಯಾಗಿರುವುದು ಆ 60 ದಿನದ್ದು.

ಬೆಳಿಗ್ಗೆ ನಮಗೊಂದು ಕೆಲಸವಿರುತ್ತಿತ್ತು. ಅಜ್ಜಿ ಅಂಗಳದ ಚಾಪೆಯಲ್ಲಿ ಹಲಸಿನ ಹಪ್ಪಳ ಒಣಹಾಕುತ್ತಿದ್ದರು; ಕಾಗೆ ಓಡಿಸುವುದು ನಮ್ಮ ಪಾಲು. ಕೈಯಲ್ಲೊಂದು ಉದ್ದ ಕೋಲು, ಬಾಯಲ್ಲಿ ಅರ್ಧ ಒಣಗಿದ ಹಪ್ಪಳ. ಕಾಗೆಗಿಂತ ನಾವು ತಿಂದದ್ದೇ ಜಾಸ್ತಿ. ಕಾವಲು ಕಾಯುತ್ತ ಕಲ್ಲಾಟ. ಅಟ್ಟದ ಮೇಲೆ 14 ಗುಳಿಗಳ ಚೆನ್ನೆಮಣೆ ಇತ್ತು. ಆದರೆ ಅದು ಮಳೆಗಾಲದ ಆಟ, ಬೇಸಿಗೆಯಲ್ಲಿ ಇಳಿಸಬಾರದು ಎಂದು ಅಜ್ಜಿ ಮುಟ್ಟಗೊಡುತ್ತಿರಲಿಲ್ಲ. ಮಳೆಗಾಲದಲ್ಲಿ ನಾವು ಅಲ್ಲಿ ಇರುತ್ತಿರಲಿಲ್ಲವಲ್ಲ! ಆ ಮಣೆಯಲ್ಲಿ ನಾನು ಒಮ್ಮೆಯೂ ಆಡಲಿಲ್ಲ.

ಸಂಜೆ ನಾಲ್ಕಾದರೆ ಬೇಲಿಯ ಆಚೆಯಿಂದ ಕೂಗು ಕೇಳುತ್ತಿತ್ತು: "ಬಾ ಹೆಣೆ, ಕಡ್ಲ್ ಬದಿಗೆ ಹೋಪ!"

ಕೈರಂಪಣಿ ಬಲೆ ಎಳೆಯುವ ದಿನ ನಾವೂ ಹಗ್ಗದ ಕೊನೆಗೆ ಜೋತುಬೀಳುತ್ತಿದ್ದೆವು. ನಮ್ಮಿಂದ ಬಲೆಗೇನೂ ಉಪಕಾರವಿಲ್ಲ, ಆದರೂ ದೊಡ್ಡವರು ಬೈಯುತ್ತಿರಲಿಲ್ಲ. ಮುಗಿದ ಮೇಲೆ ನಾಲ್ಕೋ ಐದೋ ಬಂಗುಡೆ ಅವಳ ಕೈಗೆ ಬರುತ್ತಿತ್ತು. ಒದ್ದೆ ಮರಳಿನಲ್ಲಿ ಎಲ್ಲಿ ತೋಡಿದರೆ ಮರುವಾಯಿ ಸಿಗುತ್ತದೆ, ಏಡಿ ಹಿಡಿಯುವಾಗ ಬೆರಳು ಎಲ್ಲಿಡಬೇಕು, ಯಾವ ಅಲೆ ಎಳೆದುಕೊಂಡು ಹೋಗುತ್ತದೆ ಎಂಬುದನ್ನೆಲ್ಲ ನನಗೆ ಕಲಿಸಿದವಳು ಅವಳು. ನಾನು ಅವಳಿಗೆ ಕಲಿಸಿದ್ದು ಲೋಕಲ್ ರೈಲಿನ ನಿಲ್ದಾಣಗಳ ಹೆಸರು. ಚರ್ಚ್‌ಗೇಟಿನಿಂದ ಬೊರಿವಲಿಯವರೆಗೆ ಒಂದೇ ಉಸಿರಿಗೆ ಹೇಳುತ್ತಿದ್ದಳು. ಮುಂಬಯಿ ಹೇಗಿದೆ ಎಂದು ಅವಳು ಕೇಳಿದರೆ, ಚಾಳಿನ ಒಂದು ಕೋಣೆಯಲ್ಲಿ ನಾವು ಆರು ಜನ ಮಲಗುತ್ತೇವೆ ಎಂಬುದನ್ನು ಮಾತ್ರ ನಾನು ಹೇಳುತ್ತಿರಲಿಲ್ಲ.

ಮಾತೂ ಕಲಿತೆ. ನನ್ನ ಕನ್ನಡ ಅಪ್ಪ ಅಮ್ಮನಿಂದ ಬಂದದ್ದು, ಅರ್ಧ ಮರಾಠಿ ಬೆರೆತದ್ದು. "ಹೋಪ", "ಕಾಂಬ", "ಬಪ್ಪುದ್" ಎಂಬ ಮಾತುಗಳು ನನ್ನ ನಾಲಗೆಗೆ ಹತ್ತಿದ್ದು ಅವಳಿಂದ. ಆಗ ಅದನ್ನು ಹಳ್ಳಿ ಮಾತು ಎಂದು ನಮ್ಮ ಬೆಂಗಳೂರಿನ ಹುಡುಗಿ ನಗುತ್ತಿದ್ದಳು. ಹಳೆಗನ್ನಡ ಕಾವ್ಯಗಳಲ್ಲಿರುವ ಕಾಂಬ, ಪೋಪ, ಬಪ್ಪ ಎಂಬ ರೂಪಗಳೇ ಕುಂದಾಪುರದ ಬಾಯಲ್ಲಿ ಇನ್ನೂ ಜೀವಂತವಾಗಿವೆ ಎಂದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ನಂತರ. ಆ ಊರಿನಲ್ಲೇ 1945ರಲ್ಲಿ ಹುಟ್ಟಿದ ವೈದೇಹಿಯವರು ಅದೇ ಮಾತಿನಲ್ಲಿ ಹೆಣ್ಣುಮಕ್ಕಳ ಕತೆಗಳನ್ನು ಬರೆದರು, 2009ರಲ್ಲಿ 'ಕ್ರೌಂಚ ಪಕ್ಷಿಗಳು' ಸಂಕಲನಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿಯನ್ನೂ ಪಡೆದರು.

ಇನ್ನೊಂದು ಮಾತನ್ನೂ ಮುಚ್ಚಿಡದೆ ಹೇಳಬೇಕು. ಆ ಗೆಳತಿ ನಮ್ಮ ಮನೆಯ ಜಗಲಿಯವರೆಗೆ ಬರುತ್ತಿದ್ದಳು, ಒಳಗೆ ಬರುತ್ತಿರಲಿಲ್ಲ. ಬರಬೇಡ ಎಂದು ಯಾರೂ ಹೇಳಿದ್ದು ನನಗೆ ನೆನಪಿಲ್ಲ. ಹೇಳಬೇಕಾಗಿಯೂ ಇರಲಿಲ್ಲ. ಬೆಲ್ಲ ನೀರು ಅವಳಿಗೆ ಹೊರಗೇ ಬರುತ್ತಿತ್ತು. ಮೂರು ಬೇಸಿಗೆಯಲ್ಲಿ ಒಮ್ಮೆಯೂ "ಏಕೆ?" ಎಂದು ನಾನು ಕೇಳಲಿಲ್ಲ.

ಜೂನ್ ಒಂದನೆಯ ತಾರೀಕು

ಮೇ ಕೊನೆಯಾದರೆ ಕಡಲಿನ ಬಣ್ಣ ಬದಲಾಗುತ್ತದೆ. ದೋಣಿಗಳನ್ನು ದಡಕ್ಕೆಳೆದು ಮಡಲು ಮುಚ್ಚುತ್ತಾರೆ. ಈಗಂತೂ ಯಾಂತ್ರೀಕೃತ ದೋಣಿಗಳಿಗೆ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಮೀನುಗಾರಿಕೆ ನಿಷೇಧವಿದೆ. ಆಟದ ಮೇಳಗಳೂ ಆ ಹೊತ್ತಿಗೆ ಗೆಜ್ಜೆ ಬಿಚ್ಚುತ್ತವೆ. ಅವಳ ಶಾಲೆ ಶುರುವಾಗುತ್ತಿತ್ತು. ನಮಗಿನ್ನೂ ಹತ್ತು ದಿನ ರಜೆ ಬಾಕಿ. ಜಗಲಿಯಲ್ಲಿ ಕುಳಿತು ಮಳೆ ನೋಡುತ್ತಿದ್ದಾಗ ಅವಳು ಕೊಡೆ ಹಿಡಿದು, ಚೀಲ ಎದೆಗವಚಿಕೊಂಡು ಹೋಗುವುದು ಕಾಣುತ್ತಿತ್ತು. ಕೈಬೀಸುತ್ತಿದ್ದಳು, ನಿಲ್ಲುತ್ತಿರಲಿಲ್ಲ. ಅವಳಿಗೆ ಗಂಟೆ ಹೊಡೆಯುತ್ತಿತ್ತು, ನನಗೆ ಇಲ್ಲ. ಜೊತೆಯಲ್ಲಿ ಆಡಿದವರ ಜೀವನಗಳು ಬೇರೆ ಬೇರೆ ಎಂಬುದು ಮೊದಲ ಸಲ ನನಗೆ ಕಂಡದ್ದು ಆ ಜಗಲಿಯಿಂದ.

ಹೊರಡುವ ದಿನ ಅವಳು ಹೇಳಿದ್ದು ಒಂದೇ ಮಾತು: "ಕಾಗ್ದ ಬರಿ."

ಮೂರು ಕಾಗದಗಳು

ಮೊದಲ ಕಾಗದ ಬಂದದ್ದು 1979ರ ಗಣೇಶ ಚೌತಿಯ ಹೊತ್ತಿಗೆ. ನೀಲಿ ಇನ್‌ಲ್ಯಾಂಡ್ ಪತ್ರ, ಮೂರೂ ಬದಿಯಲ್ಲಿ ಒತ್ತಿ ಬರೆದ ದುಂಡನೆಯ ಅಕ್ಷರ. ನನಗೆ ಒಂದಕ್ಷರವೂ ಬರದು! ಶಾಲೆಯಲ್ಲಿ ಇಂಗ್ಲಿಷು, ಹಿಂದಿ, ಮರಾಠಿ. ಕನ್ನಡ ನನಗೆ ಕಿವಿಯ ಭಾಷೆ ಮಾತ್ರ. ಅಪ್ಪ ಚಾಪೆಯ ಮೇಲೆ ಕುಳಿತು ಎಲ್ಲರಿಗೂ ಕೇಳುವಂತೆ ಓದಿದರು. ಉತ್ತರವನ್ನು ನಾನು ಹೇಳಿದೆ, ಅಪ್ಪ ಬರೆದರು: "ನಾವೆಲ್ಲರೂ ಕ್ಷೇಮ, ನಿಮ್ಮ ಕ್ಷೇಮ ಸಮಾಚಾರ ತಿಳಿಸುವುದು."

ಎರಡನೆಯ ಕಾಗದ ಮರುವರ್ಷ ಬಂತು. ಅದರಲ್ಲಿ ಅವಳು, "ಇದು ನೀನು ಬರೆದ ಕಾಗದ ಅಲ್ಲ ಎಂದು ನನಗೆ ಗೊತ್ತಾಯಿತು" ಎಂದು ಬರೆದಿದ್ದಳು. ಅಷ್ಟೇ ಅಲ್ಲ, ಕಡಲ ದಂಡೆಯಲ್ಲಿ ನಾನು ಅತ್ತದ್ದರ ಗುಟ್ಟೂ ಅದರಲ್ಲಿತ್ತು. ಅಪ್ಪ ಗಟ್ಟಿಯಾಗಿ ಓದಿಬಿಟ್ಟರು. ಅಣ್ಣ ಒಂದು ತಿಂಗಳು ಅದನ್ನೇ ಹಿಡಿದು ಕಾಡಿದ.

ಮೂರನೆಯದು 1981ರ ದೀಪಾವಳಿಯ ಹೊತ್ತಿಗೆ ಬಂತು. ಅಂಚೆಯವನ ಕೈಯಿಂದ ನಾನೇ ತೆಗೆದುಕೊಂಡೆ. ಮತ್ತೆ ಎಲ್ಲರೆದುರು ಓದಿಸುವುದು ಬೇಡವೆಂದು ಪೆಟ್ಟಿಗೆಯ ತಳದಲ್ಲಿ ಬಚ್ಚಿಟ್ಟೆ. ಮುಂದಿನ ಮೇ ತಿಂಗಳಲ್ಲಿ ಅವಳ ಬಾಯಿಂದಲೇ ಕೇಳಿದರಾಯಿತು ಅಂದುಕೊಂಡೆ. ಆದರೆ ಮುಂದಿನ ಮೇ ತಿಂಗಳಲ್ಲಿ ಹತ್ತನೆಯ ತರಗತಿಯ ರಜಾ ಕ್ಲಾಸು ಶುರುವಾಯಿತು. ಅದರ ಮರುವರ್ಷ ಅಜ್ಜಿಯನ್ನೇ ಮುಂಬಯಿಗೆ ಕರೆತಂದರು, ಊರಿನ ಮನೆಗೆ ಬೀಗ ಬಿತ್ತು. ಕಾಗದ ಪೆಟ್ಟಿಗೆಯಲ್ಲೇ ಉಳಿಯಿತು.

1992ರಲ್ಲಿ, ಕೆಲಸಕ್ಕೆ ಸೇರಿ ಮದುವೆಯೂ ಆದ ಮೇಲೆ, ನಮ್ಮ ಬಡಾವಣೆಯ ಕನ್ನಡ ಸಂಘದ ಭಾನುವಾರದ ತರಗತಿಗೆ ಸೇರಿದೆ. ನನ್ನ ಪಕ್ಕದಲ್ಲಿ ಏಳು ವರ್ಷದ ಮಕ್ಕಳು. ಅ ಆ ಇ ಈಯಿಂದ ಶುರು. ಒತ್ತಕ್ಷರಕ್ಕೆ ಬರುವಷ್ಟರಲ್ಲಿ ನಾಲ್ಕು ತಿಂಗಳು. ಒಂದು ಮಧ್ಯಾಹ್ನ ಮನೆಯಲ್ಲಿ ಯಾರೂ ಇಲ್ಲದಾಗ ಆ ಕಾಗದ ತೆಗೆದು, ಬೆರಳಿಟ್ಟು, ಅಕ್ಷರ ಅಕ್ಷರ ಕೂಡಿಸಿ ಓದಿದೆ.

ಅವಳನ್ನು ಶಾಲೆ ಬಿಡಿಸಿದ್ದರು. ಅಮ್ಮನಿಗೆ ಹುಷಾರಿಲ್ಲ, ತಮ್ಮಂದಿರನ್ನು ನೋಡಿಕೊಳ್ಳಬೇಕು. ಆದರೂ ಮನೆಯಲ್ಲೇ ಓದಿ ಹತ್ತನೆಯ ತರಗತಿಯ ಪರೀಕ್ಷೆಗೆ ಖಾಸಗಿಯಾಗಿ ಕೂರುತ್ತೇನೆ, ಉಳಿದ ವಿಷಯ ಹೇಗೋ ಆಗುತ್ತದೆ, ಇಂಗ್ಲಿಷು ಒಂದೇ ಕಷ್ಟ, ನಿನ್ನ ಹಳೆಯ ಇಂಗ್ಲಿಷು ಪುಸ್ತಕಗಳಿದ್ದರೆ ಕಳಿಸು, ಓದಿ ಜೋಪಾನವಾಗಿ ಹಿಂದೆ ಕೊಡುತ್ತೇನೆ. ಇಷ್ಟೇ ಕಾಗದ.

ಆ ಪುಸ್ತಕಗಳನ್ನು ನಾವು ಪ್ರತಿ ವರ್ಷ ರದ್ದಿಯವನಿಗೆ ತೂಕಕ್ಕೆ ಹಾಕುತ್ತಿದ್ದೆವು.

ಹೊಸ ರೈಲಿನಲ್ಲಿ

1998ರಲ್ಲಿ ಹೊಸ ರೈಲಿನಲ್ಲಿ ಊರಿಗೆ ಹೋದೆ. ಕೇಳುತ್ತ ಕೇಳುತ್ತ ಗಂಗೊಳ್ಳಿಯಲ್ಲಿ ಅವಳ ಮನೆ ಸಿಕ್ಕಿತು. ಮದುವೆಯಾಗಿ ಹೊಳೆ ದಾಟಿದ್ದಳು ಅಷ್ಟೇ. ಎರಡು ಮಕ್ಕಳು. ಗುರುತು ಹಿಡಿಯಲು ಅವಳಿಗೆ ಒಂದು ನಿಮಿಷ ಬೇಕಾಯಿತು. ಆಮೇಲೆ ಚರ್ಚ್‌ಗೇಟ್, ಮರೀನ್ ಲೈನ್ಸ್, ಚರ್ನಿ ರೋಡ್ ಎಂದು ಶುರುಮಾಡಿದಳು! ಇಬ್ಬರೂ ಬಿದ್ದು ಬಿದ್ದು ನಕ್ಕೆವು. ಒಳಗೆ ಕರೆದು ಮಣೆ ಹಾಕಿ ಕೂರಿಸಿದಳು. ನಮ್ಮ ಜಗಲಿ ನನಗೆ ನೆನಪಾಯಿತು.

ಕಾಗದದ ಮಾತೆತ್ತಿದೆ. "ಯಾವ ಕಾಗ್ದ ಹೆಣೆ? ನಂಗ್ ನೆನಪೇ ಇಲ್ಲ" ಎಂದಳು. ಆಮೇಲೆ ಚಾ ಸೋಸುತ್ತ, ಬೆನ್ನು ತಿರುಗಿಸಿಯೇ, ಹತ್ತನೆಯ ಪರೀಕ್ಷೆಗೆ ಎರಡು ಸಲ ಕೂತೆ, ಎರಡು ಸಲವೂ ಇಂಗ್ಲಿಷಿನಲ್ಲೇ ಹೋಯಿತು ಎಂದಳು. ನಿಜವಾಗಿ ಮರೆತಿದ್ದಳೋ, ನನ್ನ ಮುಖ ನೋಡಿ ಮರೆತಂತೆ ಮಾಡಿದಳೋ, ನನಗೆ ಇವತ್ತಿಗೂ ತಿಳಿಯದು. ಅವಳ ಮಗಳ ಇಂಗ್ಲಿಷು ಪುಸ್ತಕಗಳನ್ನು ಅಲ್ಲಿಂದ ಮುಂದೆ ಪ್ರತಿ ಜೂನ್‌ನಲ್ಲಿ ನಾನು ಕಳಿಸಿದೆ. ಅದು ಹಳೆಯ ಸಾಲದ ಬಡ್ಡಿ ಮಾತ್ರ. ಅಸಲು ತೀರಿಲ್ಲ.

ನಿಮಗೆ ಎರಡು ಮಾತು

ರಜೆಯ ಗೆಳೆತನ ಬಾಳುವುದಿಲ್ಲ ಎಂದು ದೊಡ್ಡವರು ಹೇಳುತ್ತಾರೆ. ಬಾಳಲೇಬೇಕೆಂದು ನಾನೂ ಹೇಳುವುದಿಲ್ಲ. ನಮ್ಮ ಗುಂಪಿನ ಉಳಿದ ಹುಡುಗಿಯರು ಎಲ್ಲಿ ಚದುರಿದರೋ ಏನೋ, ಅದರ ಬಗ್ಗೆ ನನಗೆ ದುಃಖವಿಲ್ಲ. 20 ದಿನದ ಗೆಳೆತನ 20 ದಿನದಲ್ಲೇ ಪೂರ್ಣವಾಗಿರಬಹುದು. ಆದರೆ ಅದರೊಳಗೆ ಯಾರಾದರೂ ನಿಮ್ಮನ್ನು ನಂಬಿ ಏನಾದರೂ ಕೇಳಿದರೆ, ಅದಕ್ಕೆ ಮಾತ್ರ ರಜೆ ಮುಗಿಯುವುದಿಲ್ಲ.

ಈಗ ನಿಮ್ಮ ಕೈಯಲ್ಲಿ ಮೊಬೈಲಿದೆ, ಹೊರಡುವ ಮುಂಚೆ ನಂಬರು ಪಡೆಯುವುದು ಸುಲಭ. ಅದರ ಜೊತೆಗೆ ಅವಳ ಮನೆಯ ಒಳಗೊಮ್ಮೆ ಹೋಗಿ ಬನ್ನಿ, ಅವಳನ್ನೂ ನಿಮ್ಮ ಮನೆಯ ಒಳಗೆ ಕರೆಯಿರಿ. ಯಾರಾದರೂ ಹುಬ್ಬು ಗಂಟಿಕ್ಕಿದರೆ, ನಾನು ಕೇಳದೆ ಬಿಟ್ಟ ಪ್ರಶ್ನೆಯನ್ನು ನೀವು ಕೇಳಿ.

ಮತ್ತೆ, ದಯವಿಟ್ಟು ಅಕ್ಷರ ಕಲಿಯಿರಿ. ಭಾಷಣಗಳಲ್ಲಿ ಕೇಳಿ ಕೇಳಿ ನಿಮಗೆ ಬೇಸರ ಬಂದಿದೆ ಎಂದು ಬಲ್ಲೆ. ಭಾಷೆಯ ಉದ್ಧಾರಕ್ಕಾಗಿ ಕಲಿಯಿರಿ ಎಂದು ನಾನು ಹೇಳುತ್ತಿಲ್ಲ. ನಿಮಗೆ ಬಂದ ಕಾಗದವನ್ನು ನೀವೇ ಓದಿಕೊಳ್ಳುವುದಕ್ಕಾಗಿ ಕಲಿಯಿರಿ. ನಾಲ್ಕು ತಿಂಗಳ ಭಾನುವಾರಗಳು ಸಾಕು. ನಾನು ಅದನ್ನು ಹದಿನಾಲ್ಕರಲ್ಲಿ ಮಾಡಬಹುದಿತ್ತು, ಇಪ್ಪತ್ತೈದರಲ್ಲಿ ಮಾಡಿದೆ.

ಕುಂದಾಪುರದಲ್ಲಿ ಹೊರಡುವಾಗ ಯಾರೂ "ಹೋಗುತ್ತೇನೆ" ಎನ್ನುವುದಿಲ್ಲ, "ಬತ್ತೆ" ಎನ್ನುತ್ತಾರೆ. ಮುಂದಿನ ಮೇ ತಿಂಗಳಲ್ಲಿ ನೀವು ಯಾವ ಊರಿನ ಕಡಲ ದಂಡೆಯಿಂದ ಹೊರಟರೂ ಆ ಮಾತನ್ನು ಹೇಳಿ. ಹೇಳಿದ ಮೇಲೆ ಒಮ್ಮೆಯಾದರೂ ಹೋಗಿ ಬನ್ನಿ.