ದುಡಿಯ ಹಿಂದಿನ ಮುಖ

ಕುಲಗೋಡ ತಮ್ಮಣ್ಣನ ಪಾರಿಜಾತವನ್ನೂ ಕೌಜಲಗಿ ನಿಂಗಮ್ಮನವರ ಅಭಿನಯವನ್ನೂ ಹಿರಿಯರ ಬಾಯಲ್ಲಿ ಕೇಳುತ್ತ ಬೆಳೆದ ಘಟಪ್ರಭಾ ಸೀಮೆಯ ಮನೆತನಗಳಿಗೆ ಕಲಾವಿದರ ಬೆಲೆಯನ್ನು ಹೇಳಿಕೊಡಬೇಕಾಗಿಲ್ಲ. ಆದರೂ ಎಂ. ವಿ. ವಾಸುದೇವರಾಯರ ಹೆಸರೆತ್ತಿದರೆ ನಮ್ಮಲ್ಲಿ ಅನೇಕರು ಮುಖ ಮುಖ ನೋಡಿಕೊಳ್ಳುವರು.

ಬಾಲನಟರಾಗಿ ರಂಗವನ್ನೇರಿದ ರಾಯರು (1921–2002) ದೀರ್ಘಕಾಲ ಹೆಚ್ಚಿನವರ ಗಮನಕ್ಕೆ ಬಾರದೆ ದುಡಿದರು. ಐವತ್ತು ದಾಟಿದ ಮೇಲೆ, 1975ರಲ್ಲಿ, 'ಚೋಮನ ದುಡಿ' ಅವರನ್ನು ಹುಡುಕಿಕೊಂಡು ಬಂದಿತು. ಕಾದಂಬರಿ ಶಿವರಾಮ ಕಾರಂತರದು; ನಿರ್ದೇಶನ, ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ ಬೆಳೆದ ಬಿ. ವಿ. ಕಾರಂತರದು. ಚೋಮನಿಗೆ ಜೋಡೆತ್ತುಗಳಿವೆ, ತೋಳಿನಲ್ಲಿ ಕಸುವಿದೆ. ಅಸ್ಪೃಶ್ಯನೆಂಬ ಒಂದೇ ಕಾರಣಕ್ಕೆ ಉಳಲು ತುಂಡು ನೆಲ ದೊರೆಯದು. ಆ ಸಂಕಟವನ್ನು ರಾಯರು ಮಾತಿನಲ್ಲಿ ಹೇಳುವುದಕ್ಕಿಂತ ದುಡಿಯ ಬಡಿತದಲ್ಲಿ ಹೇಳಿದರು. ಚಿತ್ರಕ್ಕೆ ಸ್ವರ್ಣಕಮಲ, ಅವರಿಗೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ. ಕನ್ನಡ ನಟನೊಬ್ಬನಿಗೆ ಆ ಗೌರವ ಸಂದದ್ದು ಅದೇ ಮೊದಲು.

ಬಂಗಾಲದ ಮೃಣಾಲ್ ಸೇನರು ಪ್ರೇಮಚಂದರ 'ಕಫನ್' ಕಥೆಯನ್ನಾಧರಿಸಿ 1977ರಲ್ಲಿ ತೆಗೆದ 'ಒಕ ಊರಿ ಕಥ' ಎಂಬ ತೆಲುಗು ಚಿತ್ರದ ಮುಖ್ಯ ಪಾತ್ರಕ್ಕೂ ರಾಯರನ್ನೇ ಆರಿಸಿಕೊಂಡರು. ಚೆಕೊಸ್ಲೊವಾಕಿಯಾದ ಕಾರ್ಲೊವಿ ವಾರಿ ಚಿತ್ರೋತ್ಸವದಲ್ಲಿ ಅದು ತೀರ್ಪುಗಾರರ ವಿಶೇಷ ಪ್ರಶಸ್ತಿ ಪಡೆಯಿತು. ಯುರೋಪಿನವರು ಮೆಚ್ಚಿದ ಈ ಮುಖ ನಮ್ಮ ಊರಿನ ಟಾಕೀಸುಗಳಿಗೆ ಬರಲಿಲ್ಲವೆಂಬುದು ಬೇರೆ ಮಾತು!

ಅಲ್ಲಿಯ ವೆಂಕಯ್ಯ ದುಡಿಯಲೊಲ್ಲ. ದುಡಿದರೆ ಕೊಬ್ಬುವವನು ಧಣಿಯೇ ಎಂಬುದು ಅವನ ವಾದ. ಕಾಯಕವನ್ನು ನಂಬಿದ ನಮಗೆ ಇದು ಕಹಿಯೆನಿಸೀತು. ಆದರೆ ಶರಣರು ಕಾಯಕದೊಡನೆ ದಾಸೋಹವನ್ನೂ ಇಟ್ಟರಲ್ಲವೆ? ಕಾಲುವೆಯ ನೀರುಂಡು ಕಬ್ಬು ಬೆಳೆಯುವ ನಾವು, ಆಳಿನ ಪಾಲನ್ನು ಲೆಕ್ಕ ಹಾಕುವ ಮುನ್ನ ಈ ಎರಡೂ ಚಿತ್ರಗಳನ್ನು ಮನೆಮಂದಿಯೊಡನೆ ಕುಳಿತು ನೋಡುವುದು ಒಳಿತೆಂದು ನಮ್ಮ ಅಭಿಪ್ರಾಯ.